ಮತದಾನದ ದಿನಕ್ಕೆ ಮೊದಲೇ ಮತ: ಯಾರಿಗುಂಟು, ಯಾರಿಗಿಲ್ಲ

ಧಾರವಾಡದ ನಮ್ಮ ಓಣಿಯ ಕೊನೆಯ ಮನೆಯಲ್ಲಿರುವ ಅಜ್ಜಿಗೆ 2023ರಲ್ಲಿ 82 ವರ್ಷ. ಆ ಸಲದ ವಿಧಾನಸಭೆ ಚುನಾವಣೆಗೆ ಇನ್ನೂ ಕೆಲವು ದಿನ ಬಾಕಿ ಇರುವಾಗಲೇ ಅವರ ಮನೆ ಮುಂದೆ ಜೀಪು ನಿಂತಿತ್ತು. ಇಬ್ಬರು ಚುನಾವಣಾ ಸಿಬ್ಬಂದಿ, ಒಬ್ಬ ಪೊಲೀಸ್, ಕ್ಯಾಮೆರಾ ಹಿಡಿದ ಹುಡುಗ. ಪಡಸಾಲೆಯ ಟೀಪಾಯಿ ಮೇಲೆ ರಟ್ಟಿನ ಮರೆ ಇಟ್ಟರು. ಅಜ್ಜಿ ಕನ್ನಡಕ ಒರೆಸಿಕೊಂಡು, ಪೆನ್ನಿನಲ್ಲಿ ಗುರುತು ಹಾಕಿ, ಮಡಚಿ ಕೊಟ್ಟರು. ಬಂದವರಿಗೆ ಚಹಾ ಕೊಡಲು ಹೋದರೆ ಬೇಡ ಅಂದರಂತೆ. ಅಜ್ಜಿಗೆ ಇಂದಿಗೂ ಅದೇ ಬೇಸರ.

ಮರುವರ್ಷ ಲೋಕಸಭೆ ಚುನಾವಣೆ ಬಂತು, ಜೀಪು ಬರಲಿಲ್ಲ. ವಿಚಾರಿಸಿದರೆ ಬೂತಿಗೇ ಬರಬೇಕು ಎಂಬ ಉತ್ತರ. "ಹ್ವಾದ ವರ್ಷ ಎಂಬತ್ತೆರಡಕ್ಕ ಮನೀಗೆ ಬಂದ್ರು, ಈ ವರ್ಷ ಎಂಬತ್ತಮೂರಕ್ಕ ನೀನ ಬಾ ಅಂತಾರ. ನಾ ಏನ್ ವರ್ಷಾ ವರ್ಷಾ ಸಣ್ಣಾಕಿ ಆಗಾಕತ್ತೇನೇನು?" ಎಂದು ಅಜ್ಜಿ ಕೇಳಿದ್ದಕ್ಕೆ ಓಣಿಯಲ್ಲಿ ಯಾರ ಬಳಿಯೂ ಉತ್ತರ ಇರಲಿಲ್ಲ.

ಅದೇ ಓಣಿಯ ಶಿಕ್ಷಕಿ ಚುನಾವಣಾ ತರಬೇತಿಗೆ ಹೋದವರು ಅಲ್ಲೇ ಮತ ಹಾಕಿ ಬಂದಿದ್ದರು. ಆಸ್ಪತ್ರೆಯಲ್ಲಿ ಕೆಲಸ ಮಾಡುವ ಇನ್ನೊಬ್ಬರದು ಬೇರೆಯೇ ಕೇಂದ್ರ, ಬೇರೆಯೇ ಫಾರ್ಮು. ಇಬ್ಬರೂ ಮತದಾನದ ದಿನಕ್ಕೆ ಮೊದಲೇ ಕೆಲಸ ಮುಗಿಸಿದ್ದರು. ಗೋವಾದಲ್ಲಿ ಗೌಂಡಿ ಕೆಲಸಕ್ಕಿರುವ ಹುಡುಗನಿಗೆ ಮಾತ್ರ ಇಂಥ ಯಾವ ದಾರಿಯೂ ಇರಲಿಲ್ಲ. ಹೀಗಾಗಿ "ಮೊದಲೇ ಓಟು ಹಾಕಬಹುದಂತ" ಎಂಬ ಸುದ್ದಿ ಪ್ರತಿ ಚುನಾವಣೆಯಲ್ಲೂ ವಾಟ್ಸಾಪ್‌ನಲ್ಲಿ ಸುತ್ತುತ್ತದೆ. ಅರ್ಧ ನಿಜ, ಅರ್ಧ ಸುಳ್ಳು.

ಮತದಾನದ ದಿನಕ್ಕೆ ಮೊದಲೇ ಮತ ಹಾಕುವ ಹಕ್ಕು ಎಲ್ಲರಿಗೂ ಉಂಟು ಎಂದು ನಮ್ಮ ಕಾನೂನು ಎಲ್ಲಿಯೂ ಹೇಳಿಲ್ಲ. ಅಮೆರಿಕದ ಹಲವು ರಾಜ್ಯಗಳಲ್ಲಿ ಸಾಮಾನ್ಯ ಮತದಾರನೂ ವಾರಗಳ ಮೊದಲೇ ಹೋಗಿ ಮತ ಹಾಕಬಹುದು. ಎಸ್ಟೋನಿಯಾದಲ್ಲಿ 2005ರಿಂದ ಇಂಟರ್‌ನೆಟ್ ಮೂಲಕವೇ ಹಾಕುತ್ತಾರೆ. ನಮ್ಮಲ್ಲಿ ಇರುವುದು ವಿನಾಯಿತಿಗಳು. ಒಂದೊಂದು ಕಾಲದಲ್ಲಿ ಒಂದೊಂದು ತುಂಡು ತಂದು ಹೊಲಿದ ಕೌದಿ ಅದು. ಯಾವ ತುಂಡು ಯಾವಾಗ ಸೇರಿತು ಎಂದು ನೋಡಿದರೆ ಮಾತ್ರ ಅಜ್ಜಿಯ ಪ್ರಶ್ನೆಗೆ ಉತ್ತರ ಸಿಗುತ್ತದೆ.

ಸ್ವತಂತ್ರ ಭಾರತದ ಮೊದಲ ಮತದಾರ ಎಂದು ಹೆಸರಾದವರು ಹಿಮಾಚಲದ ಕಿನ್ನೌರಿನ ಶ್ಯಾಮ್ ಶರಣ್ ನೇಗಿ. ಹಿಮ ಬಿದ್ದು ದಾರಿ ಮುಚ್ಚುವ ಮೊದಲು ಅಲ್ಲಿ 1951ರ ಅಕ್ಟೋಬರ್ 25ರಂದೇ ಮತದಾನ ನಡೆಯಿತು. ದೇಶದ ಬಹುಪಾಲು ಕಡೆ ಜನ ಮತ ಹಾಕಿದ್ದು 1952ರ ಆರಂಭದಲ್ಲಿ. ನೇಗಿ ಶಾಲಾ ಮಾಸ್ತರ, ಅಂದು ಅವರೂ ಚುನಾವಣಾ ಡ್ಯೂಟಿಯಲ್ಲಿದ್ದರು. ಅವರ ಕೊನೆಯ ಮತ 2022ರ ನವೆಂಬರ್ 2ರಂದು, ಮನೆಯಲ್ಲೇ, ಅಂಚೆ ಮತಪತ್ರದ ಮೂಲಕ. ಮೂರು ದಿನದ ನಂತರ ತೀರಿಕೊಂಡರು.

ಈ ಎರಡು ಮತಗಳ ನಡುವಿನ ಎಪ್ಪತ್ತು ವರ್ಷದ ಮೊದಲ ಭಾಗವನ್ನು ಬೇಗ ಹೇಳಿ ಮುಗಿಸಬಹುದು. 1951ರ ಪ್ರಜಾಪ್ರತಿನಿಧಿ ಕಾಯ್ದೆಯ 60ನೇ ಕಲಂ ಕೆಲವು ವರ್ಗದವರಿಗೆ ಬೇರೆ ವಿಧಾನದಲ್ಲಿ ಮತ ಹಾಕಲು ಅವಕಾಶ ಕೊಟ್ಟಿತು. 1961ರ ಚುನಾವಣಾ ನಿಯಮಗಳು ಆ ವರ್ಗಗಳನ್ನು ಪಟ್ಟಿ ಮಾಡಿದವು. ಸೈನಿಕರು, ವಿದೇಶದಲ್ಲಿ ನೇಮಕಗೊಂಡ ಸರ್ಕಾರಿ ನೌಕರರು, ಚುನಾವಣಾ ಕರ್ತವ್ಯದಲ್ಲಿರುವವರು, ಮುನ್ನೆಚ್ಚರಿಕೆ ಬಂಧನದಲ್ಲಿರುವವರು. ಕೊನೆಯದು ವಿಚಿತ್ರವೆನಿಸಬಹುದು. ಇವತ್ತಿಗೂ ಮುನ್ನೆಚ್ಚರಿಕೆ ಬಂಧನದಲ್ಲಿರುವವನು ಜೈಲಿನಿಂದ ಅಂಚೆ ಮತ ಹಾಕಬಹುದು. ಅದೇ ಜೈಲಿನ ವಿಚಾರಣಾಧೀನ ಕೈದಿ, ಅಪರಾಧ ಸಾಬೀತಾಗದಿದ್ದರೂ, ಮತ ಹಾಕುವಂತಿಲ್ಲ. ಪಟ್ಟಿಯನ್ನು ಹಾಗೇ ಓದುತ್ತ ಹೋದರೆ ಒಂದು ಮಾತು ಹೊಳೆಯುತ್ತದೆ: ಸರ್ಕಾರ ತಾನೇ ಎಲ್ಲಿಗೋ ಕಳಿಸಿದವರು, ತಾನೇ ಹಿಡಿದಿಟ್ಟವರು ಇದರಲ್ಲಿದ್ದಾರೆ. ಹೊಟ್ಟೆಪಾಡಿಗೆ ತಾವಾಗಿ ಊರು ಬಿಟ್ಟವರಿಲ್ಲ.

ಸೈನಿಕರಿಗೆ ಹಕ್ಕಿದ್ದರೂ ಮತಪತ್ರ ಹೊತ್ತಿಗೆ ತಲುಪುತ್ತಿರಲಿಲ್ಲ. ನಾಮಪತ್ರ ಹಿಂಪಡೆಯುವ ಕೊನೆಯ ದಿನ ಮುಗಿಯುವವರೆಗೆ ಕಣದಲ್ಲಿ ಯಾರಿದ್ದಾರೆ ಎಂಬುದು ಗೊತ್ತಿರುವುದಿಲ್ಲ. ಹೆಸರು ಗೊತ್ತಾಗದೆ ಮತಪತ್ರ ಅಚ್ಚಾಗುವುದಿಲ್ಲ. ಅಲ್ಲಿಂದ ಮತದಾನಕ್ಕೆ ಮೊದಲು ಕನಿಷ್ಠ 20 ದಿನ ಇರಬೇಕು ಎಂದಿತ್ತು. 1996ರಲ್ಲಿ ಅದನ್ನು 14ಕ್ಕೆ ಇಳಿಸಿದರು. ಪ್ರಚಾರದ ಖರ್ಚು, ಗದ್ದಲ ಕಡಿಮೆಯಾಗಲಿ ಎಂಬುದು ಒಳ್ಳೆಯ ಉದ್ದೇಶವೇ. ಆದರೆ ಟಪಾಲಿನವನ ಆರು ದಿನವೂ ಅದರ ಜೊತೆಗೇ ಹೋಯಿತು. ಕುಂದಗೋಳದ ಹುಡುಗ ಗಡಿಯಲ್ಲಿದ್ದರೆ ಅವನ ಮತಪತ್ರ ಅಷ್ಟರಲ್ಲಿ ಹೋಗಿ, ತುಂಬಿ, ಎಣಿಕೆಯ ದಿನ ಬೆಳಿಗ್ಗೆ 8 ಗಂಟೆಯೊಳಗೆ ಮರಳಿ ಬರಬೇಕು. 2003ರಲ್ಲಿ ಸೈನಿಕರಿಗೆ ಬದಲಿ ವ್ಯಕ್ತಿಯಿಂದ ಮತ ಹಾಕಿಸುವ ಅವಕಾಶ ಬಂತು. 2016ರಲ್ಲಿ ಮತಪತ್ರವನ್ನು ಕಂಪ್ಯೂಟರ್ ಮೂಲಕ ಕಳಿಸುವ ವ್ಯವಸ್ಥೆ ಬಂದು, ಪುದುಚೇರಿಯ ನೆಲ್ಲಿತೋಪು ಉಪಚುನಾವಣೆಯಲ್ಲಿ ಮೊದಲು ಬಳಕೆಯಾಯಿತು. ಅದೂ ಅರ್ಧ ದಾರಿಗೆ ಮಾತ್ರ. ಹೋಗುವಾಗ ಕ್ಷಣದಲ್ಲಿ ಹೋಗುತ್ತದೆ, ಬರುವಾಗ ಮುದ್ರಿಸಿದ ಹಾಳೆ ಅಂಚೆಯಲ್ಲೇ ಬರಬೇಕು.

ಇನ್ನು ನನಗೆ ಚೆನ್ನಾಗಿ ಗೊತ್ತಿರುವ ಭಾಗಕ್ಕೆ ಬರುತ್ತೇನೆ. ಹೈಸ್ಕೂಲು ಮಾಸ್ತರನಾಗಿ ಹಲವು ಚುನಾವಣೆಗಳ ಡ್ಯೂಟಿ ಮಾಡಿದ್ದೇನೆ. ಮಸ್ಟರಿಂಗ್ ದಿನ ಶಾಮಿಯಾನದ ಕೆಳಗೆ ಮತಯಂತ್ರ ಎಣಿಸಿಕೊಂಡು ಬಸ್ಸು ಹತ್ತುವುದು, ರಾತ್ರಿ ಶಾಲೆಯ ಬೆಂಚಿನ ಮೇಲೆ ಮಲಗುವುದು ಎಲ್ಲ ಶಿಕ್ಷಕರಿಗೂ ಗೊತ್ತು. ಆ ಎರಡು ದಿನ ನಮ್ಮ ಮತದ ಗತಿ ಏನು ಎಂಬುದು ಹೊರಗಿನವರಿಗೆ ಗೊತ್ತಿಲ್ಲ.

ನಮಗೆ ಎರಡು ದಾರಿ. ನಮ್ಮದೇ ಕ್ಷೇತ್ರದಲ್ಲಿ ಡ್ಯೂಟಿ ಬಿದ್ದರೆ ಇಡಿಸಿ ಎಂಬ ಪ್ರಮಾಣಪತ್ರ ಸಿಗುತ್ತದೆ. ಕೆಲಸ ಮಾಡುವ ಬೂತಿನಲ್ಲೇ ಯಂತ್ರದ ಗುಂಡಿ ಒತ್ತಬಹುದು. ಬೇರೆ ಕ್ಷೇತ್ರಕ್ಕೆ ಹಾಕಿದರೆ ಅಂಚೆ ಮತಪತ್ರ. ವಿಧಾನಸಭೆ ಚುನಾವಣೆಯಲ್ಲಿ ಸ್ವಂತ ಕ್ಷೇತ್ರ ತಪ್ಪಿಸಿಯೇ ಡ್ಯೂಟಿ ಹಾಕುವುದರಿಂದ ಬಹುತೇಕ ಎಲ್ಲರದೂ ಅಂಚೆ ಮತ. ಲೋಕಸಭೆಯಲ್ಲಿ ಲೆಕ್ಕ ಇನ್ನೂ ಗೋಜಲು, ಏಕೆಂದರೆ ನಮ್ಮ ಭಾಗದಲ್ಲಿ ಜಿಲ್ಲೆಯ ಗಡಿ ಬೇರೆ, ಕ್ಷೇತ್ರದ ಗಡಿ ಬೇರೆ. ನರಗುಂದ ಇರುವುದು ಗದಗ ಜಿಲ್ಲೆಯಲ್ಲಿ, ಲೋಕಸಭೆಗೆ ಬಾಗಲಕೋಟೆ. ಗದಗ, ರೋಣ, ಶಿರಹಟ್ಟಿ ಹಾವೇರಿ ಕ್ಷೇತ್ರಕ್ಕೆ ಸೇರಿದರೆ, ಹಾವೇರಿ ಜಿಲ್ಲೆಯ ಶಿಗ್ಗಾಂವಿ ಧಾರವಾಡ ಕ್ಷೇತ್ರಕ್ಕೆ. ನರಗುಂದದ ಶಿಕ್ಷಕಿಗೆ ಗದಗ ನಗರದಲ್ಲಿ ಡ್ಯೂಟಿ ಬಿದ್ದರೆ ಜಿಲ್ಲೆ ಒಂದೇ ಆದರೂ ಇಡಿಸಿ ನಡೆಯುವುದಿಲ್ಲ. ತರಬೇತಿಯ ದಿನ ಈ ಮಾತಿಗೇ ಅರ್ಧ ತಾಸು ವಾದ ನಡೆಯುತ್ತದೆ.

ಮೊದಲು ಹೇಗಿತ್ತೆಂದರೆ, ಅಂಚೆ ಮತಪತ್ರ ನಮ್ಮ ಕೈಗೆ ಬರುತ್ತಿತ್ತು. ಬೇಕಾದವರು ತರಬೇತಿ ಕೇಂದ್ರದಲ್ಲೇ ಹಾಕಬಹುದಿತ್ತು. ನಮ್ಮಲ್ಲಿ ಅನೇಕರು ಮನೆಗೆ ಒಯ್ಯುತ್ತಿದ್ದರು. ಎಣಿಕೆಯ ದಿನ ಬೆಳಿಗ್ಗೆ 8ರೊಳಗೆ ತಲುಪಿದರೆ ಸಾಕು. 2018ರಲ್ಲಿ ನನ್ನ ಮತಪತ್ರ ಕಪಾಟಿನಲ್ಲಿ, ಎಲ್‌ಐಸಿ ರಸೀದಿಗಳ ಮೇಲೆ ನಾಲ್ಕು ದಿನ ಮಲಗಿತ್ತು. ಮೂರನೆಯ ದಿನ ಸಂಜೆ ಪರಿಚಯದ ಒಬ್ಬರು ಬಂದು ಕುಳಿತರು. ಮಳೆ ಬೆಳೆ ಮಾತಾಯಿತು, ಮಗನ ನೌಕರಿಯ ಮಾತಾಯಿತು. ಚಹಾದ ಕಪ್ಪು ಕೆಳಗಿಟ್ಟು ಮೆಲ್ಲಗೆ ಕೇಳಿದರು: "ಸರ, ನಿಮ್ದು ಪೋಸ್ಟಲ್ ಬಂತೇನ್ರಿ? ತುಂಬೋದು ಭಾಳ ತೊಡಕಂತ... ಬೇಕಂದ್ರ ನಾ ಕೂತು ತುಂಬಿಸಿ ಕೊಡ್ತೀನ್ರಿ."

ಬೂತಿನಲ್ಲಿ ನಾನು ಯಾರ ನೆರಳೂ ಬೀಳದಂತೆ ಮರೆ ಕಟ್ಟಿಸುತ್ತಿದ್ದೆ. ನನ್ನ ಮತ ಮಾತ್ರ ನನ್ನ ಪಡಸಾಲೆಯಲ್ಲಿ ಚಹಾದ ಜೊತೆ ಚರ್ಚೆಯ ವಸ್ತುವಾಗಿತ್ತು. ಬಂದವರನ್ನೇ ದೂರಿ ಏನು ಪ್ರಯೋಜನ? ಮತಪತ್ರವನ್ನು ದಿನಗಟ್ಟಲೆ ಕೈಯಲ್ಲಿ ಕೊಟ್ಟು ಕಳಿಸಿದರೆ ಯಾರಾದರೂ ಬಂದೇ ಬರುತ್ತಾರೆ.

ತುಂಬುವುದು ತೊಡಕು ಎಂದದ್ದು ಮಾತ್ರ ನಿಜ. ಎರಡು ಲಕೋಟೆ, ಒಂದು ಘೋಷಣಾಪತ್ರ. ಗುರುತು ಹಾಕಿದ ಮತಪತ್ರ ಸಣ್ಣ ಲಕೋಟೆಯಲ್ಲಿ. ನಮೂನೆ 13ಎ ಎಂಬ ಘೋಷಣೆಯ ಮೇಲೆ ನಮ್ಮ ಸಹಿ, ಗೆಜೆಟೆಡ್ ಅಧಿಕಾರಿಯ ದೃಢೀಕರಣ, ಮತಪತ್ರದ ಕ್ರಮಸಂಖ್ಯೆ. ಸಣ್ಣ ಲಕೋಟೆ ಮತ್ತು ಘೋಷಣೆ ಎರಡೂ ಸೇರಿ ದೊಡ್ಡ ಲಕೋಟೆಯೊಳಗೆ. ಎಣಿಕೆಯಲ್ಲಿ ಮೊದಲು ದೊಡ್ಡದನ್ನು ಒಡೆದು ಘೋಷಣೆ ನೋಡುತ್ತಾರೆ. ಅದು ಸರಿಯಿಲ್ಲದಿದ್ದರೆ ಸಣ್ಣದನ್ನು ಒಡೆಯುವುದೇ ಇಲ್ಲ. ಘೋಷಣೆಯನ್ನು ಜಾಗ್ರತೆಯಿಂದ ಮತಪತ್ರದ ಜೊತೆ ಸಣ್ಣ ಲಕೋಟೆಯಲ್ಲೇ ಇಟ್ಟು ಅಂಟಿಸಿದರೆ ಅಧಿಕಾರಿಯ ಲೆಕ್ಕದಲ್ಲಿ ಘೋಷಣೆಯೇ ಇಲ್ಲ, ಮತ ತಿರಸ್ಕೃತ. ಊರಿಗೆಲ್ಲ ಮತದಾನ ಕಲಿಸುವ ನಮ್ಮವರೇ ಈ ತಪ್ಪು ಮಾಡುತ್ತಾರೆ ಎಂಬುದನ್ನು ಶಿಕ್ಷಕರ ಕೋಣೆಯಲ್ಲಿ ನಕ್ಕು ಮರೆಯುತ್ತಿದ್ದೆವು.

ನಗುವ ಮಾತಲ್ಲ ಅದು. 2004ರಲ್ಲಿ ಸಂತೇಮರಹಳ್ಳಿ ಕ್ಷೇತ್ರದ ಫಲಿತಾಂಶ ನಿರ್ಧಾರವಾದದ್ದು ಒಂದೇ ಒಂದು ಮತದಿಂದ. 2023ರಲ್ಲಿ ಬೆಂಗಳೂರಿನ ಜಯನಗರದಲ್ಲಿ ತಿರಸ್ಕೃತ ಅಂಚೆ ಮತಗಳ ಮರುಪರಿಶೀಲನೆಯ ಗದ್ದಲ ತಡರಾತ್ರಿಯವರೆಗೆ ನಡೆದು, ಕೊನೆಗೆ ಉಳಿದ ಅಂತರ 16. ಅಷ್ಟು ಮತಪತ್ರ ಒಂದು ಶಾಲೆಯ ಸ್ಟಾಫ್ ರೂಮಿನಲ್ಲೇ ಸಿಗುತ್ತವೆ.

2023ರ ಆಗಸ್ಟ್‌ನಲ್ಲಿ ನಿಯಮ ಬದಲಾಯಿತು. ಈಗ ಡ್ಯೂಟಿಯಲ್ಲಿರುವವರು ಮತಪತ್ರ ಪಡೆಯುವುದು, ಗುರುತು ಹಾಕುವುದು, ಡಬ್ಬಿಗೆ ಹಾಕುವುದು ಮೂರೂ ಸೌಲಭ್ಯ ಕೇಂದ್ರದಲ್ಲೇ. ಬೇರೆ ಜಿಲ್ಲೆಯವರ ಲಕೋಟೆಗಳನ್ನು ಅಧಿಕಾರಿಗಳೇ ಅದಲುಬದಲು ಮಾಡಿಕೊಳ್ಳುತ್ತಾರೆ. ಕಪಾಟೂ ಇಲ್ಲ, ಚಹಾಕ್ಕೆ ಬರುವವರೂ ಇಲ್ಲ. ಒಳ್ಳೆಯದೇ ಆಯಿತು. ಆದರೆ ಕಾಗದ ಹೊತ್ತಿಗೆ ಬರದಿದ್ದರೆ ಇನ್ನೊಂದು ದಾರಿ ಉಳಿದಿಲ್ಲ. ನನ್ನ ಹಳೆಯ ಸಹೋದ್ಯೋಗಿಯೊಬ್ಬರಿಗೆ 2024ರಲ್ಲಿ ಕೇಂದ್ರದಲ್ಲಿ "ನಿಮ್ಮದು ಇನ್ನೂ ಬಂದಿಲ್ಲ, ನಾಳೆ ಬರ್ರಿ" ಎಂದರು. ನಾಳೆಯೂ ಬರಲಿಲ್ಲ. ಮತದಾನದ ದಿನ ನೂರಾರು ಜನರ ಬೆರಳಿಗೆ ಶಾಯಿ ಹಚ್ಚಿದರು. ಅವರ ಬೆರಳು ಹಾಗೇ ಉಳಿಯಿತು.

ಇನ್ನು ಅಜ್ಜಿಯ ಜೀಪಿನ ಕಥೆ. 2019ರ ಅಕ್ಟೋಬರ್‌ನಲ್ಲಿ 80 ದಾಟಿದವರು ಮತ್ತು ಅಂಗವಿಕಲರನ್ನು 'ಗೈರುಹಾಜರಿ ಮತದಾರರು' ಎಂಬ ಹೊಸ ವರ್ಗಕ್ಕೆ ಸೇರಿಸಿದರು. ಜಾರ್ಖಂಡಿನ ಏಳು ಕ್ಷೇತ್ರಗಳಲ್ಲಿ ಮೊದಲ ಪ್ರಯೋಗ. 2020ರಲ್ಲಿ ಕೋವಿಡ್ ಬಂದಾಗ ಸೋಂಕಿತರನ್ನು ಸೇರಿಸಿ, ವಯಸ್ಸನ್ನು 65ಕ್ಕೆ ಇಳಿಸುವ ತಿದ್ದುಪಡಿಯೂ ಆಯಿತು. ಆದರೆ ಅಷ್ಟು ಮನೆಗಳಿಗೆ ಹೋಗಲು ಆಗದೆಂದು ಬಿಹಾರ ಚುನಾವಣೆಗೆ ಮುನ್ನವೇ 65ರ ಮಾತು ಕೈಬಿಟ್ಟರು. ಕರ್ನಾಟಕದ ವಿಧಾನಸಭೆ ಚುನಾವಣೆಯಲ್ಲಿ ಮನೆಯಿಂದ ಮತ ಮೊದಲು ಬಂದದ್ದು 2023ರಲ್ಲಿ. ಆಗ ರಾಜ್ಯದ ಪಟ್ಟಿಯಲ್ಲಿ 80 ದಾಟಿದವರೇ 12 ಲಕ್ಷಕ್ಕೂ ಹೆಚ್ಚು. 2024ರ ಮಾರ್ಚ್‌ನಲ್ಲಿ, ಲೋಕಸಭೆ ಚುನಾವಣೆಯ ಹೊಸ್ತಿಲಲ್ಲಿ, ವಯಸ್ಸನ್ನು 85ಕ್ಕೆ ಏರಿಸಿದರು. 83ರ ಅಜ್ಜಿ ಹೊರಗುಳಿದದ್ದು ಹೀಗೆ.

ಈ ಸವಲತ್ತು ತಾನಾಗಿ ಬರುವುದಿಲ್ಲ. ಅಧಿಸೂಚನೆ ಹೊರಬಿದ್ದ ಐದು ದಿನದೊಳಗೆ ನಮೂನೆ 12ಡಿ ತುಂಬಿ ಬಿಎಲ್‌ಒ, ಅಂದರೆ ಬೂತ್ ಮಟ್ಟದ ಅಧಿಕಾರಿಯ ಕೈಗೆ ಕೊಡಬೇಕು. ಅಂಗವಿಕಲರಾದರೆ ಶೇ. 40ರಷ್ಟು ಅಂಗವೈಕಲ್ಯದ ಪ್ರಮಾಣಪತ್ರ ಬೇಕು. ತಂಡ ಬಂದಾಗ ಮನೆಯಲ್ಲಿರದಿದ್ದರೆ ಇನ್ನೊಂದು ಸಲ ಬರುತ್ತಾರೆ, ಆಮೇಲೆ ಇಲ್ಲ. ಅಂಚೆ ಮತಪತ್ರ ಮಂಜೂರಾದ ಮೇಲೆ ಬೂತಿಗೆ ಹೋದರೂ ಮತ ಹಾಕಲು ಬಿಡುವುದಿಲ್ಲ. ಪಟ್ಟಿಯಲ್ಲಿ ಹೆಸರಿನ ಮುಂದೆ 'ಪಿಬಿ' (ಪೋಸ್ಟಲ್ ಬ್ಯಾಲೆಟ್) ಎಂದು ಬಿದ್ದಿರುತ್ತದೆ. ಹಿರಿಯರನ್ನು ಬೇಸಿಗೆಗೆ ಮಗಳ ಮನೆಗೆ ಕಳಿಸುವವರು ಈ ಮಾತನ್ನು ನೆನಪಿಡುವುದು ಒಳ್ಳೆಯದು.

ಅಗತ್ಯ ಸೇವೆಯವರ ತುಂಡು ಇದೇ ಕೌದಿಯ ಇನ್ನೊಂದು ಅಂಚು. ನೈಋತ್ಯ ರೈಲ್ವೆ, ಹೆಸ್ಕಾಂ, ವಾಯವ್ಯ ಸಾರಿಗೆ ಮೂರರ ಕೇಂದ್ರ ಕಚೇರಿಯೂ ಹುಬ್ಬಳ್ಳಿಯಲ್ಲೇ ಇರುವುದರಿಂದ ನಮ್ಮೂರಿಗೆ ಇದು ಸಣ್ಣ ವಿಷಯವಲ್ಲ. ಚುನಾವಣಾ ಆಯೋಗ ಅಧಿಸೂಚಿಸಿದ ಸೇವೆಗಳ ನೌಕರರು, ಆ ದಿನ ತಮಗೆ ಡ್ಯೂಟಿ ಇದೆ ಎಂದು ಇಲಾಖೆಯ ನೋಡಲ್ ಅಧಿಕಾರಿಯಿಂದ ಬರೆಸಿಕೊಂಡು, ಅಂಚೆ ಮತದಾನ ಕೇಂದ್ರದಲ್ಲಿ ನಿಗದಿಯಾದ ಮೂರು ದಿನಗಳಲ್ಲಿ ಒಂದು ದಿನ ಮತ ಹಾಕಬಹುದು. ಎಣಿಕೆಯ ದಿನ ಬೆಳಿಗ್ಗೆ 8 ಗಂಟೆಗೆ ಎಲ್ಲಕ್ಕಿಂತ ಮೊದಲು ಒಡೆಯಲು ತೊಡಗುವುದು ಈ ಲಕೋಟೆಗಳನ್ನೇ. ಯಂತ್ರಗಳ ಎಣಿಕೆ ಮುಗಿದರೂ ಅಂಚೆಯದು ಮುಗಿಯದ ಗೊಂದಲ ಬೇಡವೆಂದು, ಅಂಚೆ ಮತ ಎಣಿಸಿ ಮುಗಿಸಿದ ಮೇಲೆಯೇ ಯಂತ್ರಗಳ ಕೊನೆಯಿಂದ ಎರಡನೆಯ ಸುತ್ತು ಎಣಿಸಬೇಕೆಂದು 2025ರ ಸೆಪ್ಟೆಂಬರ್‌ನಲ್ಲಿ ಆಯೋಗ ಹೇಳಿದೆ.

ಇಷ್ಟೆಲ್ಲ ತುಂಡು ಹೊಲಿದ ಮೇಲೂ ಕೌದಿಯಲ್ಲಿ ತೂತು ಉಳಿದಿದೆ. 2019ರ ಲೋಕಸಭೆ ಚುನಾವಣೆಯಲ್ಲಿ ದೇಶದಲ್ಲಿ ಮತ ಹಾಕಿದವರು ಶೇ. 67.4. ಮತ ಹಾಕದ ಸುಮಾರು 30 ಕೋಟಿ ಜನರಲ್ಲಿ ದುಡಿಯಲು ಊರು ಬಿಟ್ಟವರು ಬಹಳ ಎಂದು ಆಯೋಗವೇ ಹೇಳಿ, ಒಂದೇ ಯಂತ್ರದಿಂದ 72 ಕ್ಷೇತ್ರಗಳಿಗೆ ಮತ ಹಾಕಿಸಬಲ್ಲ ದೂರ ಮತಯಂತ್ರವನ್ನು 2023ರ ಜನವರಿ 16ರಂದು ದೆಹಲಿಯಲ್ಲಿ ಪಕ್ಷಗಳ ಮುಂದಿಟ್ಟಿತು. ಪಕ್ಷಗಳು ಕೇಳಿದವು: ವಲಸಿಗ ಎಂದರೆ ಯಾರು? ಪರ ರಾಜ್ಯದ ಬೂತಿನಲ್ಲಿ ನಮ್ಮ ಏಜೆಂಟ್ ಹೇಗೆ ಕೂರುತ್ತಾನೆ? ಪ್ರಶ್ನೆಗಳು ನ್ಯಾಯವಾದವೇ. ಆದರೆ ಉತ್ತರ ಹುಡುಕುವ ಅವಸರ ಯಾರಿಗೂ ಕಾಣಲಿಲ್ಲ. 2024ರ ಚುನಾವಣೆ ಆ ಯಂತ್ರವಿಲ್ಲದೇ ನಡೆಯಿತು.

ಮತದಾನಕ್ಕೆ ಸಂಬಳ ಸಹಿತ ರಜೆ ಎಂದು ಕಾಯ್ದೆಯ 135ಬಿ ಕಲಂ ಹೇಳುತ್ತದೆ. ರಜೆ ಒಂದು ದಿನ. 2024ರಲ್ಲಿ ಬೆಂಗಳೂರಿನಲ್ಲಿ ಮತದಾನ ಏಪ್ರಿಲ್ 26ಕ್ಕೆ, ಧಾರವಾಡ, ಹಾವೇರಿಯಲ್ಲಿ ಮೇ 7ಕ್ಕೆ. ಬೆಂಗಳೂರಿನ ಕಟ್ಟಡದ ಕೆಲಸದಲ್ಲಿರುವ ಹಾನಗಲ್ಲಿನವನು ಊರೆಲ್ಲ ಕೆಲಸಕ್ಕೆ ಹೋಗುವ ದಿನ ಮೇಸ್ತ್ರಿಯ ಹತ್ತಿರ ರಜೆ ಕೇಳಬೇಕಿತ್ತು. ಗೋವಾದಲ್ಲಿ ಮತದಾನ ಅದೇ ಮೇ 7ಕ್ಕೆ ಇದ್ದುದರಿಂದ ನಮ್ಮ ಓಣಿಯ ಗೌಂಡಿ ಹುಡುಗನಿಗೆ ಕೆಲಸಕ್ಕೇನೋ ಬಿಡುವಿತ್ತು. ತಾಯಿ ಫೋನು ಮಾಡಿ ಬಾ ಅಂದರು. "ಹ್ವಾದ ತಿಂಗಳಷ್ಟ ಜಾತ್ರಿಗೆ ಬಂದು ಹೋಗೇನಿ ಯವ್ವಾ. ಹೋಗಿ ಬರೂದ್ರಾಗ ಎರಡ ದಿನದ ಪಗಾರ ಹೊಕ್ಕೈತಿ, ಬಸ್ ಚಾರ್ಜ್ ಬ್ಯಾರೆ" ಅಂದನಂತೆ. ಅಜ್ಜಿಯನ್ನು ಮೊಮ್ಮಗ ಆಟೋದಲ್ಲಿ ಬೂತಿಗೆ ಕರೆದೊಯ್ದ. ಹುಡುಗ ಬರಲಿಲ್ಲ.