ಬಟ್ಟೆ ಕಳಚಿದರೆ ದೇಹದ ಬಗೆಗಿನ ಸಂಕೋಚವೂ ಕಳಚೀತೇ?

ಪ್ರಶ್ನೆ: ನನಗೆ 43 ವರ್ಷ. ಎರಡು ಸಿಸೇರಿಯನ್ ಹೆರಿಗೆಗಳ ನಂತರ ನನ್ನ ಹೊಟ್ಟೆಯನ್ನು ಕನ್ನಡಿಯಲ್ಲಿ ನೋಡಿಕೊಳ್ಳಲೂ ಮನಸ್ಸಾಗುವುದಿಲ್ಲ. ವಿದೇಶಗಳಲ್ಲಿ ‘ನ್ಯಾಚುರಿಸಂ’ ಅನುಸರಿಸುವವರಿಗೆ ಈ ಮುಜುಗರ ಕಡಿಮೆ ಎಂದು ಓದಿದೆ. ಇದು ನಿಜವೇ?
– ಓದುಗರೊಬ್ಬರು, ಧಾರವಾಡ

ಉತ್ತರ: ಬಹುಮಟ್ಟಿಗೆ ನಿಜ. ನ್ಯಾಚುರಿಸಂ ಎಂದರೆ ಕಾಮಪ್ರದರ್ಶನವಲ್ಲ. ಅದಕ್ಕೆಂದೇ ಮೀಸಲಾದ ಜಾಗದಲ್ಲಿ, ಎಲ್ಲರ ಒಪ್ಪಿಗೆಯಿಂದ, ಬಟ್ಟೆಯಿಲ್ಲದೆ ಈಜುವುದು, ನಡೆಯುವುದು, ಹರಟುವುದು. ಜರ್ಮನಿಯಲ್ಲಿ ನೂರು ವರ್ಷಕ್ಕೂ ಹಿಂದೆ ಬೇರುಬಿಟ್ಟ ಈ ಪದ್ಧತಿಗೆ 1953ರಲ್ಲಿ ಫ್ರಾನ್ಸಿನಲ್ಲಿ ಅಂತರರಾಷ್ಟ್ರೀಯ ಒಕ್ಕೂಟವೇ ಹುಟ್ಟಿತು.

ನಾವು ದಿನವೂ ನೋಡುವ ಬೆತ್ತಲೆ ಅಥವಾ ಅರೆಬೆತ್ತಲೆ ದೇಹಗಳೆಲ್ಲ ಜಾಹೀರಾತಿನವು, ಮೊಬೈಲ್ ಪರದೆಯವು, ಆಯ್ದು ತಿದ್ದಿದವು; ಪಕ್ಕದ ಮನೆಯಾಕೆಯ ಹೊಟ್ಟೆಯ ಮೇಲೂ ಹೆರಿಗೆಯ ಗೆರೆಗಳಿವೆ ಎಂಬುದು ಕಣ್ಣಿಗೆ ಬೀಳುವುದೇ ಇಲ್ಲವಾದ್ದರಿಂದ ನಮ್ಮ ದೇಹವೊಂದೇ ಕೆಟ್ಟಿದೆ ಎನಿಸುತ್ತದೆ. ನ್ಯಾಚುರಿಸ್ಟರ ನಡುವೆ ಜೋತುಬಿದ್ದ ಚರ್ಮ, ಶಸ್ತ್ರಚಿಕಿತ್ಸೆಯ ಗಾಯದ ಗುರುತು, ಬೊಜ್ಜು, ಬಡಕಲು ಕಾಲು ಎಲ್ಲವೂ ಎದುರಿಗೇ ಇರುತ್ತವೆ. ಜನ ನನ್ನನ್ನು ಅಳೆಯುತ್ತಾರೆ ಎಂದು ಹೆದರಿ ಹೋದವರನ್ನು ಅಲ್ಲಿ ಯಾರೂ ಅಳೆಯದೆ ಇದ್ದಾಗ ಆ ಹೆದರಿಕೆ ತಾನಾಗಿ ಸಡಿಲುತ್ತದೆ. ನಮ್ಮ ಕಡೆಯ ಗರಡಿಮನೆಯಲ್ಲಿ ಲಂಗೋಟಿ ಕಟ್ಟಿ ನಿಂತ ಹುಡುಗರು ಕೆಲವೇ ದಿನಗಳಲ್ಲಿ ಸಂಕೋಚ ಮರೆಯುವುದೂ ಹೀಗೆಯೇ. ಹೆಣ್ಣುಮಕ್ಕಳಿಗೆ ಅಂಥ ಜಾಗವೇ ಸಿಗಲಿಲ್ಲ ಎಂಬುದು ನನ್ನನ್ನು ನೋಯಿಸುವ ಸಂಗತಿ.

ಲಂಡನ್ನಿನ ಗೋಲ್ಡ್‌ಸ್ಮಿತ್ಸ್‌ ಕಾಲೇಜಿನ ಮನಶ್ಶಾಸ್ತ್ರಜ್ಞ ಕಿಯಾನ್ ವೆಸ್ಟ್ 849 ಬ್ರಿಟಿಷರನ್ನು ಸಮೀಕ್ಷಿಸಿದಾಗ, ಇಂಥ ಚಟುವಟಿಕೆಗಳಲ್ಲಿ ಹೆಚ್ಚು ಪಾಲ್ಗೊಂಡವರಲ್ಲಿ ದೇಹದ ಬಗ್ಗೆ ಹೆಚ್ಚಿನ ಮೆಚ್ಚುಗೆ ಕಂಡುಬಂತು. ಆದರೆ ಮೊದಲೇ ಸಂಕೋಚವಿಲ್ಲದವರು ಮಾತ್ರ ಅಲ್ಲಿಗೆ ಹೋಗಿರಬಹುದಲ್ಲವೇ? ಆದ್ದರಿಂದ ಅವರು ಮುಂದೆ 51 ಜನರನ್ನು ಎರಡು ಗುಂಪು ಮಾಡಿ, ಒಂದು ಗುಂಪು ಬಟ್ಟೆಯಿಲ್ಲದೆ, ಇನ್ನೊಂದು ಬಟ್ಟೆ ತೊಟ್ಟು ಬೆರೆಯುವಂತೆ ಮಾಡಿದರು. ಬಟ್ಟೆಯಿಲ್ಲದವರಲ್ಲೇ ಮೆಚ್ಚುಗೆ ಹೆಚ್ಚಿತು. ಪರರು ಏನೆಂದಾರು ಎಂಬ ಆತಂಕ ಇಳಿದದ್ದೇ ಅದಕ್ಕೆ ಕಾರಣವೆಂದು ತಿಳಿದುಬಂತು. ಚಿಕ್ಕ ಪ್ರಯೋಗವಾದರೂ ಕಾರಣವನ್ನು ಬಿಡಿಸಿ ತೋರಿಸಿದ್ದರಿಂದ ನನಗೆ ಅದರಲ್ಲಿ ನಂಬಿಕೆಯಿದೆ.

ನಮ್ಮಲ್ಲಿ ಸಾರ್ವಜನಿಕ ಸ್ಥಳದಲ್ಲಿ ಹೀಗಿರುವುದು ಭಾರತೀಯ ನ್ಯಾಯ ಸಂಹಿತೆಯ 296ನೇ ಕಲಮಿನಡಿ ಅಶ್ಲೀಲ ವರ್ತನೆಯೆನಿಸಬಹುದು. ನೀವು ಮನೆಯಲ್ಲೇ ಆರಂಭಿಸಬಹುದು: ಸ್ನಾನವಾದ ಮೇಲೆ ಬಾಗಿಲು ಹಾಕಿಕೊಂಡು, ಐದು ನಿಮಿಷ ಬಟ್ಟೆ ತೊಡದೆ ಎಣ್ಣೆ ಹಚ್ಚಿಕೊಳ್ಳಿ, ತಲೆ ಬಾಚಿಕೊಳ್ಳಿ. ಕನ್ನಡಿಗೆ ಅವಸರ ಬೇಡ. ದೇಹದ ಬಗೆಗಿನ ಜಿಗುಪ್ಸೆಯಿಂದ ಊಟ ಬಿಡುವಂತಾಗಿದ್ದರೆ, ಮನೆಯಿಂದ ಹೊರಬರಲೂ ಕಷ್ಟವಾಗುತ್ತಿದ್ದರೆ, ನಿಮ್ಮೂರಲ್ಲೇ ಇರುವ ಮಾನಸಿಕ ಆರೋಗ್ಯ ಸಂಸ್ಥೆ ಡಿಮ್ಹಾನ್ಸ್‌ನಲ್ಲಿ ಮನೋವೈದ್ಯರನ್ನು ಕಾಣಿರಿ. ಅವರ ಮುಂದೆ ಹೆರಿಗೆಯ ಗೆರೆಗಳ ಮಾತನ್ನು ಎತ್ತಲು ಹಿಂಜರಿಯಬೇಡಿ.