ಕಾಯಿಲೆ ಬಿದ್ದೋರ ಮುಂದೆ ಕ್ಯಾಮೆರಾ: ಈ ಜಗಳ ಎಲ್ಲಿಂದ ಬಂತು?

ರೋಗಿಗಳನ್ನ ಕ್ಯಾಮೆರಾದಲ್ಲಿ ತೋರ್ಸೋದು ಸರಿನಾ ಅನ್ನೋ ಜಗಳ ಕೋವಿಡ್ ಟೈಮಲ್ಲಿ ಜೋರಾಯ್ತು, ಉರಿಯೋ ಚಿತೆ ತೋರ್ಸಿದ್ರೆ ಸತ್ತೋರಿಗೆ ಅವಮಾನ ಅಂತ ಕೆಲವ್ರು, ತೋರ್ಸದೇ ಇದ್ರೆ ಸತ್ತಿದ್ದೇ ಲೆಕ್ಕಕ್ಕೆ ಬರಲ್ಲ ಅಂತ ಇನ್ನು ಕೆಲವ್ರು. ಹೊಸ ಜಗಳ ಏನಲ್ಲ ಇದು. ನಮ್ಮಲ್ಲಿ ದಶಕಗಟ್ಟಲೆ ಆರೋಗ್ಯದ ಡಾಕ್ಯುಮೆಂಟರಿ ಅಂದ್ರೆ ಟಾಕೀಸಲ್ಲಿ ಸಿನಿಮಾಕ್ಕೆ ಮುಂಚೆ ಬರ್ತಿದ್ದ ಫಿಲ್ಮ್ಸ್ ಡಿವಿಜನ್ ರೀಲು, ಅದ್ರಲ್ಲಿ ಸರ್ಕಾರ ಮಾತಾಡ್ತಿತ್ತು, ಜನ ಕೇಳ್ತಿದ್ರು, ಅಷ್ಟೇ.

ಆ ಕ್ರಮ ಮುರಿದಿದ್ದು ನನ್ನ ಪ್ರಕಾರ ಜಪಾನಿನ ಮಿನಮಾಟದಲ್ಲಿ. ಕಾರ್ಖಾನೆ ಕೊಲ್ಲಿಗೆ ಬಿಟ್ಟ ಪಾದರಸ ಮೀನಿಗೆ ಸೇರಿ, ಮೀನಿಂದ ಜನರ ನರಕ್ಕೆ ಹೋಗಿ, ಕೈ ನಡುಕ, ಮಾತು ತೊದಲು, ಬಸುರಿ ತಿಂದ ಮೀನಿಂದ ಹೊಟ್ಟೆಯಲ್ಲಿದ್ದ ಕೂಸಿಗೂ ಕಾಯಿಲೆ. 1956ರಲ್ಲಿ ದಾಖಲಾದ ಈ ಕಾಯಿಲೆಗೆ ಕಾರ್ಖಾನೆಯೇ ಕಾರಣ ಅಂತ ಸರ್ಕಾರ ಒಪ್ಕೊಂಡಿದ್ದು 1968ರಲ್ಲಿ.

1965ರಲ್ಲಿ ತ್ಸುಚಿಮೊಟೊ ನೊರಿಯಾಕಿ ಅನ್ನೋ ನಿರ್ದೇಶಕ ಟಿವಿಗೆ ಶೂಟ್ ಮಾಡೋಕೆ ಅಲ್ಲಿಗೆ ಹೋದಾಗ ಒಬ್ಬ ತಾಯಿ ಅವರನ್ನ ತರಾಟೆಗೆ ತಗೊಂಡ್ಲು, ಕೇಳ್ದೇ ನನ್ನ ಮಗೂನ ಕ್ಯಾಮೆರಾದಲ್ಲಿ ಹಿಡಿದಿದೀಯ ಅಂತ. ಆ ಮಾತಿಗೆ ಅವ್ರು ಕುಗ್ಗಿಹೋದ್ರು. 1970ರಲ್ಲಿ ವಾಪಸ್ ಬಂದವ್ರು ಮಾತ್ರ ಬೇರೆ ಥರ ಬಂದ್ರು, ತಿಂಗಳುಗಟ್ಟಲೆ ಅಲ್ಲೇ ಉಳಿದ್ರು, ಕಾರ್ಖಾನೆ ಕಂಪನಿ ಮೇಲೆ ಕೋರ್ಟಿಗೆ ಹೋಗಿದ್ದ ಮನೆಗಳಿಗೆ ಒಂದೊಂದಾಗಿ ಹೋಗಿ ಕೂತ್ರು. 1971ರಲ್ಲಿ ಬಂದ ಆ ಚಿತ್ರದಲ್ಲಿ ಕಾಯಿಲೆಗಿಂತ ಮುಂಚೆ ಬದುಕು ಕಾಣುತ್ತೆ, ಆಕ್ಟೋಪಸ್ ಹಿಡಿಯೋ ಮುದುಕ ಇದಾರೆ, ಒಂದೊಂದು ಷೇರು ಕೊಂಡು ಕಂಪನಿ ಸಭೆಗೇ ನುಗ್ಗಿದ ರೋಗಿಗಳಿದಾರೆ.

ಅದಕ್ಕಿಂತ ನಂಗೆ ದೊಡ್ಡದು ಅನ್ಸೋದು 1977ರಲ್ಲಿ ಅವ್ರು ಮಾಡಿದ್ದು. ಪ್ರೊಜೆಕ್ಟರ್ ತಗೊಂಡು ಮಿನಮಾಟದ ಎದುರಿನ ಶಿರಾನುಯಿ ಕಡಲ ಸುತ್ತಲಿನ ಬೆಸ್ತರ ಊರುಗಳಿಗೆ ತಿರುಗಿ ಚಿತ್ರ ತೋರಿಸಿದ್ರು, ಯಾಕಂದ್ರೆ ಹೆಸರು ಕೆಡುತ್ತೆ, ಮೀನು ಮಾರಾಟ ಆಗಲ್ಲ ಅಂತ ಜನ ಕಾಯಿಲೆ ಮುಚ್ಚಿಡ್ತಿದ್ರು, ತಮಗಿರೋದು ಅದೇನಾ ಅಂತಾನೂ ಎಷ್ಟೋ ಜನಕ್ಕೆ ಗೊತ್ತಿರ್ಲಿಲ್ಲ. ಅದೇ ವರ್ಷ ಸರ್ಕಾರ ರೋಗಿ ಅಂತ ಒಪ್ಪೋ ಮಾನದಂಡ ಇನ್ನೂ ಬಿಗಿಯಾಯ್ತು.

ಇತ್ತ ಕಾಸರಗೋಡಲ್ಲಿ ಗೇರುತೋಪುಗಳ ಮೇಲೆ 2000ದ ತನಕ ಹೆಲಿಕಾಪ್ಟರ್‌ನಿಂದ ಎಂಡೋಸಲ್ಫಾನ್ ಅನ್ನೋ ಕೀಟನಾಶಕ ಸುರಿದ್ರಲ್ಲ, ಜನ ಕಾಯಿಲೆ ಬಿದ್ರಲ್ಲ, ಈ ಕಡೆ ಬೆಳ್ತಂಗಡಿಯ ಕೊಕ್ಕಡದ ಸುತ್ತಲೂ ಅದೇ ಕಥೆ. ಕಾಸರಗೋಡಿನ ಪಡ್ರೆ ಊರಿಂದ ಪತ್ರಕರ್ತ ಶ್ರೀಪಡ್ರೆಯವ್ರು ಬರೀತಾನೇ ಇದ್ರು. ಆಮೇಲೆ ಕ್ಯಾಮೆರಾಗಳು ಬಂದ್ವು, 2011ರಲ್ಲಿ ಸುಪ್ರೀಂ ಕೋರ್ಟ್ ಎಂಡೋಸಲ್ಫಾನ್‌ಗೆ ತಡೆ ಹಾಕ್ತು, ಚಿತ್ರಗಳಿಂದ ಉಪಯೋಗ ಆಗ್ಲಿಲ್ಲ ಅಂತ ನಾನು ಹೇಳಲ್ಲ. ಆದ್ರೆ ಹಾಸಿಗೆ ಹಿಡಿದ ಮಗೂನ ಎತ್ತಿ ಕೂರಿಸಿ ಬಂದೋರಿಗೆಲ್ಲ ತೋರ್ಸಿದ ಆ ಅಮ್ಮಂದಿರ ಊರಿಗೆ ಸಿನಿಮಾ ವಾಪಸ್ ತಗೊಂಡು ಹೋಗೋದೂ ಶೂಟಿಂಗಿನ ಭಾಗಾನೇ ಆಗ್ಬೇಕಿತ್ತು.

2020ರಲ್ಲಿ ಹರಾ ಕಜುವೊ ಅನ್ನೋ ಇನ್ನೊಬ್ಬ ಜಪಾನಿ ನಿರ್ದೇಶಕ ಮಿನಮಾಟದ ಬಗ್ಗೆ ಆರು ಗಂಟೆಗೂ ಮೀರಿದ ಚಿತ್ರ ತಂದ್ರು, ಅದನ್ನ ಮಾಡಿ ಮುಗಿಸೋಕೆ ಹಿಡಿದಿದ್ದು ಹೆಚ್ಚುಕಮ್ಮಿ 20 ವರ್ಷ. ಅಷ್ಟು ಹೊತ್ತಿಗೂ ಅಲ್ಲಿನ ಕೋರ್ಟ್ ಕೇಸುಗಳು ಮುಗಿದಿರ್ಲಿಲ್ಲ.