ಕಟ್ಟದೇ ಬಿಟ್ಟ ಕರೆಂಟ್ ಬಿಲ್ಲು, ಬೆಳೆದು ನಿಂತ ಕಾನೂನು

ಮಿಲಾನಿನ ವಕೀಲ ಫ್ಲಾಮಿನಿಯೋ ಕೋಸ್ತಾ ಅವರಿಗೆ ಬಂದ ಕರೆಂಟ್ ಬಿಲ್ಲು 2,000 ಲಿರಾ ಕೂಡ ಇರಲಿಲ್ಲ. ಆಗಿನ ಲೆಕ್ಕದಲ್ಲಿ ಮೂರು ಡಾಲರ್ ಆಸುಪಾಸು. ದುಡ್ಡಿಲ್ಲ ಅಂತಲ್ಲ, ಸಿಟ್ಟಿಗೆ ಅವರು ಅದನ್ನು ಕಟ್ಟಲಿಲ್ಲ. 1962ರಲ್ಲಿ ಇಟಲಿ ಸರ್ಕಾರ ವಿದ್ಯುತ್ ಉದ್ಯಮವನ್ನು ರಾಷ್ಟ್ರೀಕರಣ ಮಾಡಿ ಎನೆಲ್ ಎಂಬ ಸಂಸ್ಥೆಯ ಕೈಗೆ ಕೊಟ್ಟಿತ್ತು. ಹೀಗೆ ಸರ್ಕಾರದ ಪಾಲಾದ ಕಂಪನಿಯೊಂದರಲ್ಲಿ ಕೋಸ್ತಾ ಷೇರು ಇಟ್ಟಿದ್ದರು. ಈ ರಾಷ್ಟ್ರೀಕರಣವೇ ಯುರೋಪಿನ ಒಪ್ಪಂದಕ್ಕೆ ವಿರುದ್ಧ ಎಂಬುದು ಅವರ ವಾದ.

ಕೇಸು ಹೋದದ್ದು ಸಣ್ಣಪುಟ್ಟ ವ್ಯಾಜ್ಯ ನೋಡುವ ಜಡ್ಜ್ ಮುಂದೆ. ಅವರು ಸುಮ್ನೆ 'ಬಿಲ್ಲು ಕಟ್ಟಿ' ಎಂದು ಕಳಿಸಬಹುದಿತ್ತು. ಹಾಗೆ ಮಾಡದೆ ಲಕ್ಸೆಂಬರ್ಗಿನ ಯುರೋಪಿಯನ್ ಕೋರ್ಟಿಗೆ ಒಂದು ಪ್ರಶ್ನೆ ಬರೆದು ಕಳಿಸಿದರು.

ಈ 'ಪ್ರಶ್ನೆ ಕಳಿಸುವುದು' ಏನೆಂದು ಸ್ವಲ್ಪ ನೋಡಬೇಕು, ಯಾಕಂದ್ರೆ ಕಥೆಯ ಕೀಲಿ ಇರುವುದೇ ಅಲ್ಲಿ. 1957ರಲ್ಲಿ ಆರು ದೇಶಗಳು ಸಹಿ ಹಾಕಿದ, ಈಗಿನ ಯುರೋಪಿಯನ್ ಒಕ್ಕೂಟಕ್ಕೆ ಬುನಾದಿಯಾದ ರೋಮ್ ಒಪ್ಪಂದದಲ್ಲಿ 177ನೇ ವಿಧಿ ಅಂತ ಒಂದಿತ್ತು. ಒಪ್ಪಂದದ ಯಾವುದೋ ಮಾತಿಗೆ ಅರ್ಥವೇನು ಎಂಬ ಅನುಮಾನ ಬಂದರೆ, ಯಾವುದೇ ಊರಿನ ಜಡ್ಜ್ ನೇರವಾಗಿ ಲಕ್ಸೆಂಬರ್ಗಿಗೆ ಕೇಳಬಹುದು. ಉತ್ತರ ಬರುವ ತನಕ ಕೇಸು ಅಲ್ಲೇ ನಿಲ್ಲುತ್ತದೆ. ಉತ್ತರ ಬಂದ ಮೇಲೆ ತೀರ್ಪು ಬರೆಯುವವರು ಅದೇ ಊರಿನ ಜಡ್ಜ್.

ಇದೇ ದಾರಿಯಲ್ಲಿ ಇನ್ನೊಂದು ಕೇಸು ಮೊದಲೇ ಬಂದಿತ್ತು. ಅಂಟು ತಯಾರಿಸಲು ಬಳಸುವ ಒಂದು ರಾಸಾಯನಿಕವನ್ನು ವಾನ್ ಗೆಂಡ್ ಎನ್ ಲೂಸ್ ಎಂಬ ಡಚ್ ಸಾಗಣೆ ಕಂಪನಿ ಜರ್ಮನಿಯಿಂದ ತರಿಸಿತ್ತು. ಅದರ ಮೇಲಿನ ಸುಂಕ 3ರಿಂದ 8 ಶೇಕಡಾಕ್ಕೆ ಏರಿತು. ಸುಂಕ ಏರಿಸಬಾರದೆಂದು ಒಪ್ಪಂದದಲ್ಲೇ ಇದೆಯಲ್ಲ ಎಂದು ಕಂಪನಿ ತಗಾದೆ ತೆಗೆಯಿತು. ಒಪ್ಪಂದ ಆಗಿರುವುದು ದೇಶ ದೇಶಗಳ ನಡುವೆ, ಇದರಲ್ಲಿ ಸಾಗಣೆದಾರನಿಗೇನು ಕೆಲಸ ಎಂಬ ಧಾಟಿ ಸರ್ಕಾರಗಳದ್ದು. ಕೋರ್ಟಿಗೆ ಸಲಹೆ ಕೊಡುವ ಅಡ್ವೊಕೇಟ್ ಜನರಲ್ ಕೂಡ ಕಂಪನಿಯ ಪರ ನಿಲ್ಲಲಿಲ್ಲ. ಆದರೂ 1963ರ ಫೆಬ್ರವರಿ 5ರಂದು ಕೋರ್ಟ್ ಹೇಳಿತು: ಇದು ಹೊಸ ಬಗೆಯ ಕಾನೂನು ವ್ಯವಸ್ಥೆ. ಇದರಿಂದ ಸರ್ಕಾರಕ್ಕಷ್ಟೇ ಅಲ್ಲ, ಜನರಿಗೂ ಹಕ್ಕು ಸಿಗುತ್ತದೆ.

ಕೋಸ್ತಾ ಕೇಸು ಇನ್ನೊಂದು ಮೆಟ್ಟಿಲು ಹತ್ತಿತು. ಆಮೇಲೆ ಬಂದ ಕಾನೂನೇ ಗೆಲ್ಲುತ್ತದೆ, ಅಂದರೆ ಇಟಲಿಯ ಕಾನೂನೇ ಗೆಲ್ಲುತ್ತದೆ ಎಂದು ಇಟಲಿಯ ಸಾಂವಿಧಾನಿಕ ಕೋರ್ಟ್ 1964ರ ಮಾರ್ಚಿನಲ್ಲಿ ಹೇಳಿತ್ತು. ಜುಲೈ 15ರಂದು ಲಕ್ಸೆಂಬರ್ಗ್ ಅದಕ್ಕೆ ತದ್ವಿರುದ್ಧ ಹೇಳಿತು. ಒಪ್ಪಂದಕ್ಕೆ ಸಹಿ ಹಾಕಿ, ಆಮೇಲೆ ಒಬ್ಬೊಬ್ಬರು ಒಂದೊಂದು ಕಾನೂನು ಮಾಡಿ ಅದನ್ನು ಮುರಿಯುವುದಾದರೆ ಒಪ್ಪಂದ ಯಾಕೆ? ಯುರೋಪಿನ ಕಾನೂನೇ ಮೇಲು. ತಮಾಷೆ ಏನೆಂದರೆ, ಈ ಮಾತು ಒಪ್ಪಂದದಲ್ಲಿ ಎಲ್ಲೂ ಬರೆದಿರಲಿಲ್ಲ! ಇಟಲಿಯ ರಾಷ್ಟ್ರೀಕರಣವೂ ರದ್ದಾಗಲಿಲ್ಲ.

ಸರ್ಕಾರಗಳು ಇದನ್ನು ಹೇಗೆ ನುಂಗಿಕೊಂಡವು? ನನಗನ್ನಿಸುವುದು ಇಷ್ಟು. ದೂರದ ಕೋರ್ಟಿನ ಮಾತನ್ನು ಕಿವಿಗೆ ಹಾಕಿಕೊಳ್ಳದೆ ಇರಬಹುದು. ತಮ್ಮದೇ ದೇಶದ ಜಡ್ಜ್ ಅದನ್ನೇ ತೀರ್ಪಾಗಿ ಬರೆದರೆ ತಪ್ಪಿಸಿಕೊಳ್ಳುವುದು ಕಷ್ಟ. ಕೆಳಗಿನ ಜಡ್ಜ್‌ಗಳಿಗೂ ಇದರಿಂದ ಬಲ ಬಂತು. ಫ್ರಾನ್ಸಿನಿಂದ ಬಂದ ದನದ ಮಾಂಸಕ್ಕೆ ಗಡಿಯಲ್ಲಿ ಹಾಕಿದ ತಪಾಸಣೆ ಶುಲ್ಕದ ಕೇಸೊಂದು ಇಟಲಿಯ ಸುಸಾ ಎಂಬ ಸಣ್ಣ ಊರಿನಿಂದ ಹೋಯಿತು. ಯುರೋಪಿನ ಕಾನೂನಿಗೆ ಅಡ್ಡ ಬರುವ ದೇಶದ ಕಾನೂನನ್ನು ಜಡ್ಜ್ ತಾವೇ ಪಕ್ಕಕ್ಕಿಡಬೇಕು, ಮೇಲಿನ ಕೋರ್ಟಿಗೆ ಕಾಯಬೇಕಿಲ್ಲ ಎಂಬ ಉತ್ತರ 1978ರಲ್ಲಿ ಬಂತು. ಸಂಸತ್ತು ಮಾಡಿದ ಕಾನೂನನ್ನು ಸಣ್ಣ ಊರಿನ ಜಡ್ಜ್ ಬದಿಗಿಡುವುದು! ಸಣ್ಣ ಮಾತಲ್ಲ, ಅಲ್ವಾ?

ಗೇಬ್ರಿಯಲ್ ಡೆಫ್ರೆನ್ ಬೆಲ್ಜಿಯಂನ ಗಗನಸಖಿ. ನಲವತ್ತಾದ ಕೂಡಲೇ ಕೆಲಸ ಬಿಡಬೇಕಿತ್ತು. ಅದೇ ಕೆಲಸ ಮಾಡುವ ಗಂಡಸರಿಗೆ ಸಂಬಳವೂ ಜಾಸ್ತಿ. ಸಮಾನ ಕೆಲಸಕ್ಕೆ ಸಮಾನ ಸಂಬಳ ಎಂಬ ಸಾಲು ಒಪ್ಪಂದದಲ್ಲಿ 1957ರಿಂದಲೂ ಇತ್ತು, ಬರೀ ಕಾಗದದ ಮೇಲೆ. 1976ರಲ್ಲಿ ಡೆಫ್ರೆನ್ ಕೇಸಿನಲ್ಲಿ ಲಕ್ಸೆಂಬರ್ಗಿನ ಕೋರ್ಟ್ ಅದಕ್ಕೆ ಜೀವ ಕೊಟ್ಟಿತು. ಆದರೆ ಹಳೇ ಬಾಕಿಯೆಲ್ಲ ಕೊಡಬೇಕಾದರೆ ಭಾರಿ ಹೊರೆ ಎಂದು ಬ್ರಿಟನ್ ಮತ್ತು ಐರ್ಲೆಂಡ್ ಗೋಳಾಡಿದ್ದವು. ಅದಕ್ಕೇ, ಆಗಲೇ ದಾವೆ ಹೂಡಿದವರನ್ನು ಬಿಟ್ಟು ಉಳಿದವರು ಹಿಂದಿನ ಬಾಕಿ ಕೇಳುವಂತಿಲ್ಲ ಎಂದೂ ಅದೇ ತೀರ್ಪಿನಲ್ಲಿದೆ. ಜಡ್ಜ್‌ಗಳಿಗೂ ಖಜಾನೆಯ ಲೆಕ್ಕ ಗೊತ್ತಿತ್ತು.

ಹಾಗಂತ ಎಲ್ಲರೂ ತಲೆಯಾಡಿಸಲಿಲ್ಲ. ಜರ್ಮನಿಯ ಸಾಂವಿಧಾನಿಕ ಕೋರ್ಟ್ ಇರುವುದು ಕಾರ್ಲ್ಸ್‌ರೂಎ ಊರಿನಲ್ಲಿ. ಯುರೋಪಿನ ಕಾನೂನಿನಲ್ಲಿ ಮೂಲಭೂತ ಹಕ್ಕುಗಳ ಪಟ್ಟಿ ಇಲ್ಲದಿರುವ ತನಕ ನಾವೇ ಪರಿಶೀಲಿಸುತ್ತೇವೆ ಎಂದು ಅದು 1974ರಲ್ಲಿ ಪಟ್ಟು ಹಿಡಿಯಿತು. ಲಕ್ಸೆಂಬರ್ಗ್ ಆಗಲೇ ಸದಸ್ಯ ದೇಶಗಳ ಸಂವಿಧಾನಗಳನ್ನು ನೋಡಿಕೊಂಡು ಹಕ್ಕುಗಳನ್ನು ತನ್ನ ತೀರ್ಪುಗಳೊಳಗೆ ತರತೊಡಗಿತ್ತು. ಈ ಒತ್ತಡ ಬಿದ್ದ ಮೇಲೆ ಅದು ಇನ್ನೂ ಬಿರುಸಾಯಿತು. 1986ರಲ್ಲಿ ಕಾರ್ಲ್ಸ್‌ರೂಎ ಪಟ್ಟು ಸಡಿಲಿಸಿತು. ಯುರೋಪಿನ ಹಕ್ಕುಗಳ ಕಾನೂನು ಬೆಳೆದದ್ದರಲ್ಲಿ ಈ ಜಗಳದ ಪಾಲೂ ದೊಡ್ಡದೇ. 2020ರ ಮೇ ತಿಂಗಳಲ್ಲಿ, ಯುರೋಪಿನ ಕೇಂದ್ರ ಬ್ಯಾಂಕಿನ ಬಾಂಡ್ ಖರೀದಿ ಕುರಿತ ಲಕ್ಸೆಂಬರ್ಗಿನ ತೀರ್ಪು ಅಧಿಕಾರ ಮೀರಿದ್ದು ಎಂದು ಇದೇ ಕಾರ್ಲ್ಸ್‌ರೂಎ ಹೇಳಿತು. ಮರುವರ್ಷ ಪೋಲೆಂಡಿನ ಸಾಂವಿಧಾನಿಕ ನ್ಯಾಯಮಂಡಳಿ, ಒಪ್ಪಂದದ ಕೆಲವು ಭಾಗಗಳೇ ತನ್ನ ಸಂವಿಧಾನಕ್ಕೆ ಒಗ್ಗುವುದಿಲ್ಲ ಎಂದಿತು.

ಈ 'ಮೇಲು' ಎಂಬ ಮಾತನ್ನು ಬರೆದೇ ಬಿಡೋಣ ಎಂದು 2004ರ ಯುರೋಪಿನ ಸಂವಿಧಾನದಲ್ಲಿ ಸೇರಿಸಿದ್ದರು. ಮರುವರ್ಷ ಫ್ರಾನ್ಸ್ ಮತ್ತು ನೆದರ್ಲೆಂಡ್ಸ್‌ನ ಮತದಾರರು ಅದಕ್ಕೆ ಬೇಡ ಎಂದರು. ಅದರ ಬದಲು 2009ರಲ್ಲಿ ಜಾರಿಗೆ ಬಂದ ಲಿಸ್ಬನ್ ಒಪ್ಪಂದದ ಮುಖ್ಯ ಪಠ್ಯದಲ್ಲಿ ಆ ಮಾತು ಇಲ್ಲ. ಕೊನೆಗೆ ಲಗತ್ತಿಸಿದ 17ನೇ ಘೋಷಣೆಯಲ್ಲಿದೆ. ಆ ಘೋಷಣೆಗೆ ಆಧಾರವಾಗಿ ಒಂದು ಕಾನೂನು ಅಭಿಪ್ರಾಯ ಅಂಟಿಸಿದ್ದಾರೆ. ಅದರಲ್ಲಿ ಹೆಸರಿಸಿರುವ ಕೇಸು: ಕೋಸ್ತಾ ವಿರುದ್ಧ ಎನೆಲ್, 15 ಜುಲೈ 1964.